ಸೊನ್ನೆಯ ಕೆಳಗಿನ ನೀರು

ಅವನಿಗೆ ಊರು ಇಟ್ಟ ಹೆಸರು ಪಾಯಿಂಟಣ್ಣ. ಎಷ್ಟು ದೂರ ಎಂದು ಕೇಳಿದರೆ ಅವನು ಒಂದು ದಿನವೂ ‘ಇಲ್ಲೇ ಹತ್ತಿರ’ ಎಂದವನಲ್ಲ. ‘ಒಂದು ಪಾಯಿಂಟ್ ಎರಡು ಕಿಲೋಮೀಟರ್’ ಎನ್ನುತ್ತಿದ್ದ. ಜ್ವರ ಬಂದ ಮಗುವಿನ ಹಣೆ ಮುಟ್ಟಿ ‘ನೂರೊಂದು ಪಾಯಿಂಟ್ ನಾಲ್ಕು’ ಎನ್ನುವನು. ಆಮೇಲೆ ಥರ್ಮಾಮೀಟರ್ ಇಟ್ಟು ನೋಡಿ, ಅದು ಪಾಯಿಂಟ್ ಐದು ತೋರಿಸಿದರೆ ದಿನವೆಲ್ಲ ಮುಖ ಸಣ್ಣದು ಮಾಡಿಕೊಂಡು ಓಡಾಡುವನು. ಅವನ ಹೆಂಡತಿ ಒಮ್ಮೆ ರೇಗಿ, “ನನ್ನ ಮೇಲೆ ಪ್ರೀತಿ ಎಷ್ಟಿದೆ, ಅದನ್ನಾದ್ರೂ ಪಾಯಿಂಟ್ ಇಲ್ದೆ ಹೇಳಿ” ಎಂದಿದ್ದಳು. ಅವನು ಯೋಚಿಸಿದ. ಯೋಚಿಸಿದ್ದೇ ತಪ್ಪಾಯಿತು.

ಅವನ ಕೆಲಸ ನದಿಯ ಮಟ್ಟ ಓದುವುದು. ಸೇತುವೆಯ ದಡದ ಕಡೆಯ ಕಂಬಕ್ಕೆ ಬಿಳಿ ಬಣ್ಣ ಬಳಿದು, ಅದರ ಮೇಲೆ ಕಪ್ಪಿನಲ್ಲಿ ಸೊನ್ನೆಯಿಂದ ಹನ್ನೊಂದು ಮೀಟರಿನವರೆಗೆ ಗೆರೆ ಹಾಕಿ ಅಂಕಿ ಬರೆದಿದ್ದಾರೆ. ಪಕ್ಕದಲ್ಲಿ ನೀರಿಗಿಳಿಯುವ ಕಲ್ಲಿನ ಮೆಟ್ಟಿಲು. ಬೆಳಗ್ಗೆ ಎಂಟಕ್ಕೊಮ್ಮೆ, ಸಂಜೆ ಐದಕ್ಕೊಮ್ಮೆ, ಮಳೆಗಾಲದಲ್ಲಿ ಗಂಟೆಗೊಮ್ಮೆ ಅವನು ಮೆಟ್ಟಿಲಿಳಿದು, ನೀರು ಯಾವ ಗೆರೆಯನ್ನು ಮುಟ್ಟಿದೆ ಎಂದು ನೋಡಿ, ಮೇಲಿನ ಪುಟ್ಟ ಕೋಣೆಗೆ ಬಂದು ರಿಜಿಸ್ಟರಿನಲ್ಲಿ ಬರೆಯಬೇಕು. ಕೋಣೆಯಲ್ಲಿ ಒಂದು ಮೇಜು, ಒಂದು ಫೋನು, ಗೋಡೆಯ ಮೇಲೆ ಸೈರನ್ನಿನ ಸ್ವಿಚ್ಚು. ಇಪ್ಪತ್ತಾರು ವರ್ಷ ಅವನು ಇದನ್ನು ಮಾಡಿದ್ದ.

ಕಂಬದ ಮೇಲೆ ಒಂಬತ್ತಕ್ಕೆ ಕೆಂಪು ಗೆರೆ ಇತ್ತು. ಅದನ್ನು ಯಾರೋ ಮನಸ್ಸಿಗೆ ಬಂದಂತೆ ಎಳೆದಿದ್ದಲ್ಲ. ದಂಡೆಯ ಎತ್ತರದ ಗೋಡೆಯಾಚೆ ಕೆಳಬೀದಿ ಇದೆ. ಆ ಬೀದಿಯ ತಿರುವಿನಲ್ಲಿ ಹಳೆಯ ಕಾಲದ ಒಂದು ಸರ್ವೆ ಕಲ್ಲು, ಅದರ ಮೇಲೆ ಒಂದು ಗೀರು, ಗೀರಿನ ಪಕ್ಕ 9.0 ಎಂಬ ಕೆತ್ತನೆ. ಬೀದಿಯ ಮನೆಗಳ ಹೊಸ್ತಿಲೆಲ್ಲ ಆ ಗೀರಿನ ಮಟ್ಟದವೇ. ನದಿ ಒಂಬತ್ತು ಮುಟ್ಟಿದರೆ ಗೋಡೆಯಡಿಯ ಮೋರಿಯಿಂದ ನೀರು ಹಿಂದಕ್ಕೆ ನುಗ್ಗುತ್ತದೆ. ಬೀದಿ ತುಂಬಲು ಅರ್ಧ ಗಂಟೆ. ಆ ಅರ್ಧ ಗಂಟೆಯಲ್ಲಿ ಮಕ್ಕಳು, ಮುದುಕರು, ಹಾಸಿಗೆ ಹಿಡಿದವರು ಮೇಲಿನ ರಸ್ತೆಗೆ ಬರಬೇಕು. ಅದಕ್ಕೇ ಸೈರನ್. ಒಂಬತ್ತಾದರೆ ಒತ್ತು, ಒಂಬತ್ತಾಗದೆ ಒತ್ತಬೇಡ. ಮಳೆಗಾಲದಲ್ಲಿ ಜಾಗ ಬಿಟ್ಟು ಕದಲಬೇಡ. ಅವನಿಗೆ ಕೊಟ್ಟಿದ್ದ ನಿಯಮ ಅಷ್ಟೇ.

ಕೆಳಬೀದಿಯ ಮೂರನೇ ಮನೆ ಅವನ ಅಕ್ಕನದು. ಬಟ್ಟೆ ಹೊಲಿಯುವವಳು. ಅವನಿಗಿಂತ ಆರು ವರ್ಷ ದೊಡ್ಡವಳು. ಅವನಿಗೆ ಎಣಿಸುವುದನ್ನು ಕಲಿಸಿದ್ದು ಅವಳೇ. ಬಿಸ್ಕತ್ತಿನ ಡಬ್ಬದ ತುಂಬ ಇದ್ದ ಗುಂಡಿಗಳನ್ನು ನೆಲದ ಮೇಲೆ ಸುರಿದು, ಒಂದೊಂದಾಗಿ ಅವನ ಅಂಗೈಗಿಟ್ಟು. ನೂರನೆಯ ಗುಂಡಿ ಬಂದಾಗ ಅವನು ಕುಣಿದಿದ್ದನಂತೆ. ಆ ಅಕ್ಕ ಅವನೊಂದಿಗೆ ಮಾತು ಬಿಟ್ಟು ನಾಲ್ಕು ವರ್ಷವಾಗಿತ್ತು. ಅದಕ್ಕೆ ಕಾರಣ ಆ ಕಂಬ.

ನಾಲ್ಕು ವರ್ಷದ ಹಿಂದಿನ ಬೇಸಿಗೆಯಲ್ಲಿ ಅವನು ಎರಡೂ ಕಣ್ಣಿನ ಪೊರೆ ತೆಗೆಸಿಕೊಳ್ಳಲು ಎರಡು ತಿಂಗಳು ರಜೆ ಹಾಕಿದ್ದ. ಅವನಿಲ್ಲದಾಗ ಕಂಬದ ದುರಸ್ತಿ ನಡೆಯಿತು. ಸವೆದ ಬುಡಕ್ಕೆ ಸುತ್ತ ಕಾಂಕ್ರೀಟು ಹಾಕಿ ಗಟ್ಟಿ ಮಾಡಿದರು. ಹಳೆಯ ಅಂಕಿಗಳನ್ನು ಕೆರೆದು ಹೊಸದಾಗಿ ಬರೆಸಿದರು. ಅವನು ಹಿಂತಿರುಗಿ ಬಂದಾಗ ಕಣ್ಣೂ ಹೊಸದು, ಅಂಕಿಯೂ ಹೊಸದು. ಮೊದಲ ದಿನ ಮೆಟ್ಟಿಲ ಮೇಲೆ ನಿಂತು ಅವನು ಅರ್ಧ ಗಂಟೆ ಸುಮ್ಮನೆ ನೋಡಿದ. ಅಷ್ಟು ಚೊಕ್ಕ ಅಂಕಿಗಳನ್ನು ಜನ್ಮದಲ್ಲಿ ಕಂಡಿರಲಿಲ್ಲ. ಅಂಗಡಿ ಬೋರ್ಡು ಬರೆಯುವವನು ಬರೆದಿದ್ದೆಂದು ತಿಳಿದು, ಅವನನ್ನು ಹುಡುಕಿಕೊಂಡು ಹೋಗಿ ಕೈ ಕುಲುಕಿ ಬಂದ.

ಆ ವರ್ಷವೇ ಮಳೆ ಹುಚ್ಚೆದ್ದು ಸುರಿಯಿತು. ಒಂದು ಮಧ್ಯಾಹ್ನ ಎರಡು ಗಂಟೆಗೆ ನದಿ ಎಂಟು ಮೀಟರ್. ಮೂರಕ್ಕೆ ಎಂಟು ಪಾಯಿಂಟ್ ನಾಲ್ಕು. ಮೂರೂವರೆಗೆ ಎಂಟು ಪಾಯಿಂಟ್ ಒಂಬತ್ತು. ಅಲ್ಲಿಗೆ ನಿಂತಿತು. ಅವನು ಹತ್ತು ಹತ್ತು ನಿಮಿಷಕ್ಕೆ ಇಳಿದು ನೋಡಿ ಬಂದು, ಸ್ವಿಚ್ಚಿನ ಮೇಲೆ ಬೆರಳಿಟ್ಟುಕೊಂಡು ನಿಂತ. ಇನ್ನೊಂದು ಪಾಯಿಂಟ್. ಒಂದೇ ಒಂದು ಪಾಯಿಂಟ್.

ಫೋನು ಬಂತು. ಅಕ್ಕ.

“ಏನೋ ಇದು, ಬಾಗಿಲಿಗೆ ನೀರು ಬಂದಿದೆ! ಸೈರನ್ನೇ ಕೇಳಿಸ್ಲಿಲ್ಲ?”

“ಎಂಟು ಪಾಯಿಂಟ್ ಒಂಬತ್ತಿದೆ ಅಕ್ಕಾ. ನದಿ ನೀರು ಅಲ್ಲಿಗೆ ಬರೋಕೆ ಸಾಧ್ಯವೇ ಇಲ್ಲ. ಮೋರಿ ಕಟ್ಕೊಂಡಿರತ್ತೆ. ಮಳೆ ನೀರು. ಇಳಿಯತ್ತೆ.”

“ಕಾಲು ಮುಳುಗ್ತಿದೆ ಕಣೋ.”

“ಅಕ್ಕಾ, ನಾನು ಈಗ ತಾನೇ ನೋಡ್ಕೊಂಡು ಬಂದೆ. ಕಣ್ಣಾರೆ.”

“ಹಂಗಾದ್ರೆ ನಾನೇನು ಕಿವಿಯಲ್ಲಿ ನೋಡ್ತಿದೀನಾ?” ಎಂದಳು ಅಕ್ಕ. ಫೋನು ಸತ್ತಿತು.

ಆ ಮನೆಯಲ್ಲಿ ಭಾವ ಎರಡು ವರ್ಷದಿಂದ ಎಡಭಾಗದ ಸ್ವಾಧೀನ ತಪ್ಪಿ ಮಲಗಿದ್ದರು. ಗಿಡ್ಡ ಮಂಚ. ಅಕ್ಕ ಒಬ್ಬಳೇ ಅವರನ್ನು ಎತ್ತಲಾರಳು. ತಮ್ಮ ಇಳಿಯುತ್ತದೆ ಎಂದಿದ್ದಾನೆ ಎಂದು ಕಾದಳು. ನೀರು ಹಾಸಿಗೆ ಮುಟ್ಟಿದಾಗ ಕೂಗಿದಳು. ಆಗ ಬೀದಿಯಲ್ಲಿ ಎಲ್ಲರೂ ಕೂಗುತ್ತಿದ್ದರು. ಯಾರೋ ಬಂದು ಭಾವನನ್ನು ಹೆಗಲ ಮೇಲೆ ಹೊತ್ತು ಆಚೆ ತರುವಷ್ಟರಲ್ಲಿ ಎರಡು ಗಂಟೆ ಕಳೆದಿತ್ತು. ಒದ್ದೆಯಲ್ಲಿ ಮಲಗಿದ್ದ ಮೈ ಮತ್ತೆ ಬೆಚ್ಚಗಾಗಲಿಲ್ಲ. ಹನ್ನೊಂದನೆಯ ದಿನ ತೀರಿಕೊಂಡರು.

ವಿಚಾರಣೆ ನಡೆಯಿತು. ಫ್ಯಾನು ತಿರುಗುವ ಕೋಣೆ, ಉದ್ದ ಮೇಜು, ಬೆಂಚಿನ ಮೇಲೆ ಕೆಳಬೀದಿಯವರು. ಅಕ್ಕ ಎದ್ದು ನಿಂತು ಹೇಳಿದಳು: ನೀರು ಇಷ್ಟು ಬಂತು, ಮಂಚದಷ್ಟು. ಬಟ್ಟೆಗೆ ಗುರುತು ಹಾಕುವ ನೀಲಿ ಸೀಮೆಸುಣ್ಣದಿಂದ ಗೋಡೆಗೆ ಗೆರೆ ಎಳೆದಿದೀನಿ, ಬಂದು ನೋಡಿ. ಯಾರೂ ಹೋಗಿ ನೋಡಲಿಲ್ಲ. ಅವನನ್ನು ಕರೆದು ಕೇಳಿದರು: ನದಿ ಎಷ್ಟಿತ್ತು? ಎಂಟು ಪಾಯಿಂಟ್ ಒಂಬತ್ತು. ನೀವೇ ನೋಡಿದ್ರಾ? ಕಣ್ಣಾರೆ ಸರ್. ಎಂಟು ಪಾಯಿಂಟ್ ಒಂಬತ್ತಿದ್ದಾಗ ಇವರ ಮನೆಯೊಳಗೆ ನದಿ ನೀರು ಮಂಚದಷ್ಟು ಬರಬಹುದಾ?

“ಸಾಧ್ಯ ಇಲ್ಲ ಸರ್,” ಎಂದ ಪಾಯಿಂಟಣ್ಣ.

ಅವನು ಸುಳ್ಳು ಹೇಳಲಿಲ್ಲ. ಅದನ್ನೇ ನಾನು ಇಲ್ಲಿ ಬರೆದಿಡಬೇಕೆಂದಿರುವುದು. ಸುಳ್ಳು ಹೇಳುವವನಾಗಿದ್ದರೆ ಅಕ್ಕನ ಮುಖ ನೋಡಿ ಒಂದು ಪಾಯಿಂಟ್ ಸೇರಿಸಿ ಹೇಳುತ್ತಿದ್ದ. ಆ ಒಂದು ಪಾಯಿಂಟ್ ಬೀದಿಯ ಮಾನ ಉಳಿಸುತ್ತಿತ್ತು. ಅವನ ಪ್ರಾಮಾಣಿಕತೆಯನ್ನೇ ಆ ಕೋಣೆ ಕತ್ತಿಯ ಹಾಗೆ ಬಳಸಿಕೊಂಡಿತು. ವರದಿ ಬಂತು: ‘ಸದರಿ ದಿನ ನದಿಯು ಅಪಾಯದ ಮಟ್ಟವನ್ನು ಮುಟ್ಟಿರುವುದಿಲ್ಲ. ನಿವಾಸಿಗಳು ಮೋರಿಯಲ್ಲಿ ಕಸ ಹಾಕಿದ್ದರಿಂದ ನೀರು ನಿಂತಿರುತ್ತದೆ. ಅವರ ಹೇಳಿಕೆಗಳು ಉತ್ಪ್ರೇಕ್ಷೆಯಿಂದ ಕೂಡಿರುತ್ತವೆ.’ ಮೂರು ವಾಕ್ಯ. ಗಂಡನನ್ನು ಕಳೆದುಕೊಂಡವಳು ಸುಳ್ಳುಗಾತಿಯಾಗಲು ಅಷ್ಟು ಸಾಕಾಯಿತು.

ಹೊರಗೆ ಅಕ್ಕ ಅವನ ಮುಂದೆ ಒಂದು ಗಳಿಗೆ ನಿಂತಳು. “ಎಣಿಸೋದು ಕಲಿಸಬಾರದಿತ್ತು ನಿಂಗೆ,” ಎಂದಳು. ಅದೇ ಕೊನೆಯ ಮಾತು.

ಈ ವರ್ಷದ ಬೇಸಿಗೆ ಕ್ರೂರವಾಗಿತ್ತು. ನದಿ ದಿನಕ್ಕಿಷ್ಟಿಷ್ಟು ಇಳಿಯಿತು. ಪಾಯಿಂಟ್ ಮೂರು, ಪಾಯಿಂಟ್ ಎರಡು, ಪಾಯಿಂಟ್ ಒಂದು. ಒಂದು ಬೆಳಗ್ಗೆ ಎಂಟಕ್ಕೆ ಅವನು ಕೊನೆಯ ಮೆಟ್ಟಿಲಿಳಿದು ನೋಡಿದರೆ ಓದಲು ಏನೂ ಇರಲಿಲ್ಲ. ನೀರು ಸೊನ್ನೆಗಿಂತ ಕೆಳಗಿತ್ತು.

ಆದರೆ ನೀರಿತ್ತು. ಮೀನಖಂಡದವರೆಗೆ ಬರುವಷ್ಟಿತ್ತು, ಬೆರಳುದ್ದದ ಮೀನುಗಳು ಬಿಸಿಲಿಗೆ ಪಕ್ಕ ತಿರುಗಿಸಿ ಹೊಳೆಯುತ್ತಿದ್ದವು. ನದಿ ಹರಿಯುತ್ತಿತ್ತು, ಸದ್ದೂ ಮಾಡುತ್ತಿತ್ತು. ಅವನು ಕನ್ನಡಕ ಒರೆಸಿ ಮತ್ತೆ ನೋಡಿದ. ಇಪ್ಪತ್ತಾರು ವರ್ಷದ ಹಿಂದೆ ಕೆಲಸಕ್ಕೆ ಸೇರಿದ ದಿನ ಹಿರಿಯನೊಬ್ಬ ಅವನಿಗೆ ಹೇಳಿದ್ದು ನೆನಪಾಯಿತು: ಸೊನ್ನೆ ಅಂದ್ರೆ ತಳ. ಸೊನ್ನೆ ಬಂದ ದಿನ ನಮಗೆ ಕೆಲಸ ಇಲ್ಲ, ನದಿಯೇ ಇರಲ್ಲ.

ಕಚೇರಿಗೆ ಫೋನು ಮಾಡಿದ. ಗುಮಾಸ್ತ ಎತ್ತಿದ.

“ಏನು ಬರೀಲಿ ಸ್ವಾಮಿ? ನೀರು ಸೊನ್ನೆಗಿಂತ ಕೆಳಗಿದೆ.”

“ಸೊನ್ನೆ ಅಂತ ಬರೀರಿ.”

“ಆದ್ರೆ ನೀರಿದೆ.”

“ಇದ್ರೆ ಇರಲಿ ಬಿಡ್ರಿ. ಆ ಕಾಲಮ್ಮಿನಲ್ಲಿ ಸೊನ್ನೆಗಿಂತ ಕಮ್ಮಿ ಬರೆಯೋಕೆ ಬರಲ್ಲ.”

“ಮೀನಿದೆ.”

“ಮೀನಿಗೆ ಕಾಲಮ್ಮಿಲ್ಲ,” ಎಂದು ಗುಮಾಸ್ತ ನಕ್ಕು ಫೋನು ಇಟ್ಟ.

ಅವನಿಗೆ ನಗು ಬರಲಿಲ್ಲ. ನೆಟ್ಟಗೆ ಬೋರ್ಡು ಬರೆಯುವವನ ಅಂಗಡಿಗೆ ಹೋಗಿ, ಏಣಿಯ ಮೇಲಿದ್ದವನನ್ನು ಕೆಳಗಿಳಿಸಿ, ಬಣ್ಣದ ಕೈಯಲ್ಲೇ ನದಿಗೆ ಎಳೆದುಕೊಂಡು ಬಂದ.

“ಸೊನ್ನೆ ಎಲ್ಲಿಂದ ಹಿಡಿದೆ ನೀನು?”

“ಅಲ್ಲಿಂದಲೇ ಅಣ್ಣ.” ಅವನು ಬೆರಳು ತೋರಿಸಿದ. ಕಂಬದ ಸುತ್ತ ಹೊಸ ಕಾಂಕ್ರೀಟು ಎಲ್ಲಿ ಮುಗಿಯುತ್ತದೋ ಅಲ್ಲಿ, ಅದರ ನೆತ್ತಿಯ ಮೇಲೆ, ಸೊನ್ನೆ ದುಂಡಗೆ ಕೂತಿತ್ತು.

“ಹಳೇ ಸೊನ್ನೆ?”

“ಅದು ಕಾಂಕ್ರೀಟ್ ಒಳಗೆ ಹೋಗ್ಬಿಟ್ಟಿತ್ತಲ್ಲ. ಅಂಕಿ ಕೆರೆದು ಹಾಕಿದ್ರು, ಬುಡ ಮುಚ್ಚಿ ಹಾಕಿದ್ರು, ಆಮೇಲೆ ನನ್ನ ಕರೆದ್ರು. ಕಂಬ ಎಲ್ಲಿಂದ ಕಾಣ್ತೋ ಅಲ್ಲಿಂದ ಟೇಪ್ ಹಿಡಿದೆ. ಕಾಣದೇ ಇರೋ ಕಡೆಯಿಂದ ಹೆಂಗಣ್ಣ ಹಿಡೀಲಿ?” ಬೋರ್ಡಿನವನು ಅವನ ಮುಖ ನೋಡಿ ಮೆಲ್ಲಗಾದ. “ಯಾಕೆ, ಅಂಕಿ ಚೆನ್ನಾಗಿಲ್ವಾ?”

ಪಾಯಿಂಟಣ್ಣ ಪ್ಯಾಂಟು ಮಡಚಿ ನೀರಿಗಿಳಿದು ಕಾಂಕ್ರೀಟಿನ ಎತ್ತರ ಅಳೆದ. ಪಾಯಿಂಟ್ ಆರು. ಅರವತ್ತು ಸೆಂಟಿಮೀಟರ್. ಗಿಡ್ಡ ಮಂಚದ ಎತ್ತರಕ್ಕಿಂತ ಸ್ವಲ್ಪ ಹೆಚ್ಚು. ಸೊನ್ನೆಯಿಂದ ಹನ್ನೊಂದರವರೆಗೆ ಪ್ರತಿಯೊಂದು ಅಂಕಿ, ಆ ಕೆಂಪು ಗೆರೆ ಸಮೇತ, ಇರಬೇಕಾದ ಜಾಗಕ್ಕಿಂತ ಅಷ್ಟು ಮೇಲೆ ನಿಂತಿತ್ತು. ನಾಲ್ಕು ವರ್ಷ ಅವನು ಕಣ್ಣಾರೆ ಕಂಡಿದ್ದು, ಕೈಯಾರೆ ಬರೆದಿದ್ದು, ಸಹಿ ಹಾಕಿದ್ದು, ಒಂದೂ ನಿಜವಲ್ಲ.

ಅಂದು ಮಧ್ಯಾಹ್ನ ಅವನು ಮೇಸ್ತ್ರಿಯೊಬ್ಬನಿಂದ ಮಟ್ಟ ನೋಡುವ ಪೈಪು ಕೇಳಿ ತಂದ. ಒಳಗಿನ ನೀರು ಹೊರಗೆ ಕಾಣುವಂಥ ಉದ್ದನೆಯ ಪೈಪು. ಒಂದು ತುದಿ ಇಲ್ಲಿ, ಒಂದು ತುದಿ ಅಲ್ಲಿ ಹಿಡಿದರೆ ಎರಡೂ ಕಡೆ ನೀರು ಒಂದೇ ಎತ್ತರಕ್ಕೆ ನಿಲ್ಲುತ್ತದೆ. ಅದನ್ನು ಹೆಗಲಿಗೆ ಸುತ್ತಿಕೊಂಡು, ನಾಲ್ಕು ವರ್ಷದಲ್ಲಿ ಮೊದಲ ಸಲ ಅಕ್ಕನ ಬಾಗಿಲಿಗೆ ಹೋದ.

ಅಕ್ಕ ಹೊಲಿಗೆ ಯಂತ್ರದಿಂದ ತಲೆ ಎತ್ತಿದಳು. ಕಾಲು ನಿಂತಿತು.

“ಸಾಹೇಬ್ರು ದಾರಿ ತಪ್ಪಿ ಬಂದ್ರಾ?”

“ಅಕ್ಕಾ, ಕಂಬದ ಸೊನ್ನೆ ತಪ್ಪು.”

“ಏನು?”

“ಸೊನ್ನೆ. ಶುರುವೇ ತಪ್ಪು. ಪಾಯಿಂಟ್ ಆರು.” “ಅವತ್ತು ಒಂಬತ್ತೂವರೆ ಇತ್ತು ಅಕ್ಕಾ. ನೀನು ಹೇಳಿದ್ದು…”

“ನಾನು ಹೇಳಿದ್ದು ನಿಜ ಅಂತ ತಿಳಿಯೋಕೆ ನಿಂಗೆ ನದಿ ಬತ್ತಬೇಕಾಯ್ತು,” ಎಂದಳು. “ನಿನ್ನ ಭಾವನ ಹಾಸಿಗೆ ಹಿಂಡಿದವಳು ನಾನು. ಅವತ್ತು ಒಂದು ಸಲ ಗೋಡೆಯಾಚೆ ಇಣುಕಿದ್ರೆ ಸಾಕಿತ್ತು. ಎಪ್ಪತ್ತು ಹೆಜ್ಜೆ.”

“ಜಾಗ ಬಿಟ್ಟು ಕದಲಬಾರದು ಅಂತ…”

“ನಿಯಮ. ಗೊತ್ತು.” ಅವಳು ಎದ್ದು ಮೈಮೇಲಿನ ದಾರದ ತುಂಡುಗಳನ್ನು ಕೊಡವಿದಳು. “ಅದೇನು ಹೆಗಲ ಮೇಲೆ, ಹಾವಿನ ಹಾಗೆ?”

ಗೋಡೆಯ ಮೇಲೆ ನೀಲಿ ಗೆರೆ ಹಾಗೇ ಇತ್ತು. ನಾಲ್ಕು ವರ್ಷ ಅವಳು ಆ ಗೋಡೆಗೆ ಸುಣ್ಣ ಬಳಿಸಿರಲಿಲ್ಲ. ಗೆರೆ ಮಾಸಿದಾಗಲೆಲ್ಲ ಅದರ ಮೇಲೇ ಮತ್ತೆ ಎಳೆದಿದ್ದಳು. ಅವಳು ಪೈಪಿನ ಒಂದು ತುದಿ ಗೆರೆಗೆ ಹಿಡಿದಳು, ಅವನು ಇನ್ನೊಂದು ತುದಿಯೊಂದಿಗೆ ಬೀದಿಗಿಳಿದ. ಪೈಪು ಮುಗಿದಲ್ಲಿ ಗೋಡೆಗೊಂದು ಗುರುತು, ಅಲ್ಲಿಂದ ಮುಂದಕ್ಕೆ. “ಅಲ್ಲಾಡಿಸಬೇಡ ಅಕ್ಕಾ.” “ನಾನಲ್ಲ, ನೀನೇ ಎಳೀತಿರೋದು.” ಬೀದಿಯವರು ಬಾಗಿಲಿಗೆ ಬಂದು ನಿಂತರು. ಒಬ್ಬ ಮುದುಕ, “ಏನ್ ಪಾಯಿಂಟಣ್ಣ, ಅಕ್ಕನ ಮನೆ ಗೆರೆ ಮೆರವಣಿಗೆ ಹೊರಟಿದೆ?” ಎಂದ. ಅವನು ತಲೆ ಎತ್ತಲಿಲ್ಲ. ಗೋಡೆಯ ಗೇಟು ದಾಟಿ, ದಂಡೆ ದಾಟಿ, ಆರನೆಯ ಸಲಕ್ಕೆ ಅವನ ತುದಿ ಕಂಬ ಮುಟ್ಟಿತು. ಪೈಪಿನ ನೀರು ಮೇಲೆ ಕೆಳಗೆ ತೂಗಿ, ತೂಗಿ, ನಿಂತಿತು.

ಎಂಟು ಪಾಯಿಂಟ್ ಒಂಬತ್ತು.

ಅವನು ಅಂದು ಬರೆದ ಅಂಕಿ. ಕೂದಲೆಳೆಯಷ್ಟೂ ಹೆಚ್ಚು ಕಡಿಮೆ ಇಲ್ಲ. ಅವಳು ಮಂಚದ ಪಕ್ಕ ನಿಂತು ಕಂಡ ನೀರು, ಅವನು ಮೆಟ್ಟಿಲ ಮೇಲೆ ನಿಂತು ಕಂಡ ನೀರು, ಎರಡೂ ಒಂದೇ ನೀರು. ಇಬ್ಬರೂ ಕಂಡಿದ್ದನ್ನೇ ಹೇಳಿದ್ದರು. ಒಬ್ಬಳ ಮಾತು ಸುಳ್ಳಾಗದೆ ಇನ್ನೊಬ್ಬನದು ನಿಜವಾಗದು ಎಂದು ತೀರ್ಮಾನಿಸಿದ್ದು ಮೇಜಿನ ಆಚೆ ಕೂತವರು.

ಆಮೇಲೆ ತಿರುವಿನ ಸರ್ವೆ ಕಲ್ಲಿನಿಂದಲೂ ಮಟ್ಟ ತಂದರು. ಕಲ್ಲಿನ 9.0 ಕಂಬದ ಮೇಲೆ 8.4ಕ್ಕೆ ಬಂದು ನಿಂತಿತು. ಅಕ್ಕ ನೀಲಿ ಸೀಮೆಸುಣ್ಣ ತೆಗೆದು ಅಲ್ಲೊಂದು ಗೆರೆ ಎಳೆದಳು.

ಮರುದಿನ ಅವನು ಕಚೇರಿಗೆ ಹೋದ. ಇಂಜಿನಿಯರ್ ಸಾಹೇಬರು ಅವನಿಗಿಂತ ಇಪ್ಪತ್ತು ವರ್ಷ ಚಿಕ್ಕವರು, ಮರ್ಯಾದಸ್ಥರು. ಕುರ್ಚಿ ತೋರಿಸಿದರು.

“ನಾಲ್ಕು ವರ್ಷದ ಅಂಕಿಗಳೆಲ್ಲ ತಪ್ಪು ಅಂತೀರಾ?”

“ಪಾಯಿಂಟ್ ಆರು ಕಮ್ಮಿ ಸರ್.”

“ಎಲ್ಲ ದಿನವೂ ಪಾಯಿಂಟ್ ಆರೇ?”

“ಹೌದು ಸರ್.”

“ಹಾಗಾದ್ರೆ ತೊಂದರೆ ಏನ್ರೀ? ಏರಿಳಿತ ಸರಿಯಾಗೇ ಬಂದಿದೆ.” ಅವರು ಕಂಪ್ಯೂಟರಿನ ಪರದೆ ಇವನ ಕಡೆ ತಿರುಗಿಸಿದರು. “ಗ್ರಾಫ್ ನೋಡಿ, ಎಷ್ಟು ಚೆನ್ನಾಗಿದೆ.”

“ಗ್ರಾಫ್ ಚೆನ್ನಾಗಿದೆ ಸರ್. ನಮ್ಮ ಭಾವ ಸತ್ತೋದ್ರು.”

ಸಾಹೇಬರು ಪರದೆಯನ್ನು ವಾಪಸು ತಿರುಗಿಸಿಕೊಂಡರು. “ಯಾವ ಉಪಕರಣದಲ್ಲಿ ಅಳೆದಿರಿ?”

“ಪೈಪು ಸರ್. ನೀರು ತುಂಬಿದ ಪೈಪು.”

“ಅದು ಉಪಕರಣ ಅಲ್ಲ.”

“ನೀರಿನ ಮಟ್ಟ ನೀರಿಗಿಂತ ಚೆನ್ನಾಗಿ ಯಾರಿಗೆ ಗೊತ್ತು ಸರ್?”

“ಮಾತಿಗೇನು ಬಿಡಿ. ಸರ್ವೆ ಕಲ್ಲೇ ತಗ್ಗಿರಬಹುದಲ್ಲ?”

“ಕಲ್ಲು ತಗ್ಗಿದ್ರೆ ಹೊಸ್ತಿಲೂ ತಗ್ಗಬೇಕು ಸರ್, ಬೀದಿ, ಮೋರಿ, ಗೋಡೆ, ಎಲ್ಲಾ.”

“ತಗ್ಗಿರಬಹುದು. ತಗ್ಗಿಲ್ಲ ಅಂತ ನಿಮಗೆ ಹೇಗೆ ಗೊತ್ತು?”

ಹೇಗೆ ಗೊತ್ತು. ಪಾಯಿಂಟಣ್ಣನ ಮೈ ಉರಿದುಹೋಯಿತು. ನಾಲ್ಕು ವರ್ಷದ ಹಿಂದೆ ಆ ಫ್ಯಾನಿನ ಕೆಳಗೆ ಯಾರಾದರೂ ಒಬ್ಬರು ಅವನನ್ನು ಕೇಳಬೇಕಿದ್ದ ಪ್ರಶ್ನೆ ಅದು. ಸಾಧ್ಯ ಇಲ್ಲ ಅಂತ ನಿನಗೆ ಹೇಗೆ ಗೊತ್ತು? ಆಗ ಯಾರ ಬಾಯಿಗೂ ಅದು ಬರಲಿಲ್ಲ. ಬೆಂಚಿನ ಮೇಲಿದ್ದವರು ಒದ್ದೆ ಬಟ್ಟೆ, ಕೊಳೆತ ಹಾಸಿಗೆ ತೋರಿಸಿದಾಗ ಪುರಾವೆ ಎಲ್ಲಿ ಎಂದರು. ಇವನು ಒಂದು ಅಂಕಿ ಹೇಳಿದಾಗ ಅದು ಎಲ್ಲಿಂದ ಹುಟ್ಟಿತು ಎಂದು ಕೇಳಲೂ ಇಲ್ಲ. ಈಗ ಅಂಕಿಯನ್ನು ಮುಟ್ಟಿದ ಕೂಡಲೇ ಜಗತ್ತಿನಲ್ಲಿ ಯಾವುದನ್ನೂ ಖಚಿತವಾಗಿ ತಿಳಿಯಲಾಗದು ಎಂಬ ಜ್ಞಾನೋದಯ!

“ಕೆಂಪು ಗೆರೆಯಾದ್ರೂ ಇಳಿಸಿ ಸರ್. ಮಳೆಗೆ ಇನ್ನು ಒಂದೂವರೆ ತಿಂಗಳಷ್ಟೇ.”

“ಗೆರೆ ಇಳಿಸಿದ್ರೆ ತಪ್ಪು ಒಪ್ಪಿಕೊಂಡ ಹಾಗೆ. ವರದಿ ಮತ್ತೆ ತೆರೀಬೇಕು. ಮಳೆಗಾಲ ಮುಗೀಲಿ, ಸರ್ವೆ ಮಾಡಿಸೋಣ. ಅಷ್ಟಕ್ಕೂ ಸಹಿ ಎಲ್ಲಾ ನಿಮ್ಮದೇ ಇದೆ, ನೆನಪಿರಲಿ.”

“ನೆನಪಿದೆ ಸರ್,” ಎಂದು ಅವನು ಎದ್ದ. “ಅದನ್ನೇ ಮರೆಯೋಕಾಗ್ತಿಲ್ಲ.”

ರಿಜಿಸ್ಟರಿನ ಬಲತುದಿಯಲ್ಲಿ ‘ಷರಾ’ ಎಂಬ ಕಾಲಮ್ಮಿತ್ತು. ಇಪ್ಪತ್ತಾರು ವರ್ಷ ಅದು ಖಾಲಿ ಬಿದ್ದಿತ್ತು. ಅಂದು ಸಂಜೆ ಐದಕ್ಕೆ ಅವನು ಅದರಲ್ಲಿ ಬರೆದ: ‘ಸೊನ್ನೆ ತಪ್ಪು. ನಿಜವಾದ ಮಟ್ಟ ಇದಕ್ಕೆ 0.6 ಸೇರಿಸಿದ್ದು.’ ವಾರದ ಕೊನೆಗೆ ಪುಟಗಳು ಕಚೇರಿಗೆ ಹೋಗಿ ಬಂದವು. ಅವನ ವಾಕ್ಯಗಳನ್ನೆಲ್ಲ ಕೆಂಪು ಶಾಯಿಯಲ್ಲಿ ಹೊಡೆದುಹಾಕಿದ್ದರು. ಅವನು ಮತ್ತೆ ಬರೆದ. ಮತ್ತೆ ಹೊಡೆದರು. ಬೆಳಗ್ಗೆ ಒಂದು ಸಲ, ಸಂಜೆ ಒಂದು ಸಲ, ಅದೇ ಎರಡು ವಾಕ್ಯ, ಅದೇ ದುಂಡು ಅಕ್ಷರ. ದಾಖಲೆ ತಿದ್ದಿದ್ದಕ್ಕೆ ಏಕೆ ಕ್ರಮ ಕೈಗೊಳ್ಳಬಾರದೆಂದು ನೋಟಿಸು ಬಂತು. ಉತ್ತರವಾಗಿ ಅವೇ ಎರಡು ವಾಕ್ಯ ಬರೆದು ಕಳಿಸಿದ. ಹೆಂಡತಿ ಗಾಬರಿಯಾಗಿ, “ನಿವೃತ್ತಿಗೆ ನಾಲ್ಕು ವರ್ಷ ಇದೆ, ಸುಮ್ನೆ ಇರೋಕಾಗಲ್ವಾ?” ಎಂದಳು. “ಮೂರು ಪಾಯಿಂಟ್ ಎಂಟು,” ಎಂದ ಅವನು. ಅವಳಿಗೆ ಅಳುವಿನ ನಡುವೆಯೂ ನಗು ಬಂತು.

ಮಳೆ ಬಂತು. ಒಂದು ವಾರ ಬಿಡದೆ ಸುರಿಯಿತು. ಎಂಟನೆಯ ದಿನ ಮಧ್ಯಾಹ್ನ ಹನ್ನೆರಡಕ್ಕೆ ಕಂಬದ ಮೇಲೆ ಎಂಟು, ಒಂದಕ್ಕೆ ಎಂಟು ಪಾಯಿಂಟ್ ಎರಡು. ಅಕ್ಕ ಎಳೆದಿದ್ದ ನೀಲಿ ಗೆರೆ ಎಂದೋ ತೊಳೆದುಹೋಗಿತ್ತು. ಕೆಂಪು ಗೆರೆ ಮಾತ್ರ ಮೇಲೆ, ಮಳೆಯಲ್ಲಿ ಮಿಂದು ಕೊಬ್ಬಿ ಹೊಳೆಯುತ್ತಿತ್ತು.

ಕಚೇರಿಯಿಂದ ಗುಮಾಸ್ತ ಫೋನು ಮಾಡಿದ. “ಎಷ್ಟಿದೆ?”

“ಎಂಟು ಪಾಯಿಂಟ್ ಎರಡು. ಅಂದ್ರೆ ಎಂಟು ಪಾಯಿಂಟ್ ಎಂಟು.”

“ಎರಡೆರಡು ಹೇಳಬೇಡ್ರಿ! ಒಂಬತ್ತಾಗೋವರೆಗೆ ಸ್ವಿಚ್ಚು ಮುಟ್ಟಬಾರದಂತೆ. ಸಾಹೇಬ್ರು ನಿಮಗೇ ಅಂತ ಹೇಳಿದಾರೆ. ಮುಟ್ಟಿದ್ರೆ ಕೆಲಸ ಹೋಗತ್ತೆ.”

“ಆಯ್ತು ಸ್ವಾಮಿ. ಕೇಳಿಸ್ತು,” ಎಂದು ಅವನು ಫೋನು ಇಟ್ಟ.

ಛತ್ರಿ ಹಿಡಿದು ಮತ್ತೆ ಮೆಟ್ಟಿಲಿಳಿದ. ಕಂದು ನೀರು ಎಂಟು ಪಾಯಿಂಟ್ ಮೂರರ ಗೆರೆ ಮುಟ್ಟಿ ಮೇಲಕ್ಕೆ ನೆಕ್ಕುತ್ತಿತ್ತು. ವಾಪಸು ಬಂದು, ಒದ್ದೆ ಕೈಯನ್ನು ಅಂಗಿಗೆ ಒರೆಸಿಕೊಂಡು, ಫೋನೆತ್ತಿ ಅಕ್ಕನ ನಂಬರು ಒತ್ತಿದ.

“ಹೇಳು,” ಎಂದಳು ಅಕ್ಕ. “ಎಷ್ಟಿದೆ ನಿನ್ನ ಕಂಬದ ಮೇಲೆ?”

“ಅದು ಇರಲಿ. ನಿಂಗೆ ಎಷ್ಟು ಕಾಣ್ತಿದೆ ಅಕ್ಕಾ?”

ಆ ಕಡೆ ಮಳೆಯ ಸದ್ದು. ಅವಳು ಬಾಗಿಲಿಗೆ ಹೋಗಿ ಇಣುಕುತ್ತಿರುವುದು ಅವನಿಗೆ ಕಂಡಂತಾಯಿತು.

“ಮೋರಿ ಬಾಯಲ್ಲಿ ನೀರು ಹಿಂದಕ್ಕೆ ಬರ್ತಿದೆ ಕಣೋ. ಕಲ್ಲಿನ ಗೀರಿಗೆ ಇನ್ನು ನಾಲ್ಕು ಬೆರಳು.”

“ಯಾರ ಬೆರಳು?”

“ನನ್ನದೇ. ಬೇರೆ ಯಾರದ್ದು?”

“ಸಾಕು,” ಎಂದು ಅವನು ಸ್ವಿಚ್ಚು ಒತ್ತಿದ.